ಮಹಡಿಯ ಬೆಲ್ ಹೊಡೆಯದ ಸಂಜೆ

ಕಳೆದ ಮಂಗಳವಾರ ಸಂಜೆ ನಮ್ಮ ಮನೆಯ ಬೆಲ್ ಒಮ್ಮೆಯೂ ಹೊಡೆಯಲಿಲ್ಲ. ನನಗೆ ಅದರಿಂದ ಬಹಳ ನೆಮ್ಮದಿಯಾಗಿತ್ತು. ಎಂಥ ಮೂರ್ಖ ನಾನು!

ನನ್ನ ಹೆಂಡತಿ ಪದ್ಮಾವತಿಗೆ ಉಬ್ಬಸ. ಬಿಜೈಯ ಈ ಮನೆಯ ಮಹಡಿಯಲ್ಲಿ ಅವಳ ಹಾಸಿಗೆ. ಮಳೆಗಾಲದ ಥಂಡಿಗೆ ಉಸಿರು ಕಟ್ಟಿತೆಂದರೆ ಕೂಗಲು ದನಿಯೇ ಏಳುವುದಿಲ್ಲ. ಫಳ್ನೀರಿನ ಡಾಕ್ಟರು ಒಂದು ಪುಡಿ ಕೊಟ್ಟಿದ್ದಾರೆ; ಅದಕ್ಕೆ ಬೆಂಕಿ ತಾಗಿಸಿ ಹೊಗೆ ಎಳೆಸಬೇಕು. "ತಡ ಮಾಡಿದರೆ ಮತ್ತೆ ನನ್ನನ್ನು ಕರೆದು ಪ್ರಯೋಜನ ಇಲ್ಲ" ಎಂದೂ ಎಚ್ಚರಿಸಿದ್ದಾರೆ. ಕೈ ನಡುಗುವಾಗ ಅವಳೇ ಕಡ್ಡಿ ಗೀರುವುದುಂಟೇ? ಅದಕ್ಕೇ ಅವಳ ದಿಂಬಿನ ಬಳಿ ಸ್ವಿಚ್ ಇಟ್ಟು, ಕೆಳಗೆ ನಾನು ಬರೆಯುವ ಕೋಣೆಯಲ್ಲಿ ಬೆಲ್ ಕಟ್ಟಿದೆ.

(ನಮ್ಮ ಓಣಿಗೆ ಇನ್ನೂ ಕರೆಂಟಿನ ಕಂಬ ಬಂದಿಲ್ಲ. ಬಂದ ದಿನ ಓದುಗರಿಗೆಲ್ಲ ಪಾಯಸ.)

ಕಂಬವಿಲ್ಲದೆ ಬೆಲ್ ಹೇಗೆ? ಬ್ಯಾಟರಿಯಿಂದ. ಎರಡು ಗಾಜಿನ ಜಾಡಿ, ಒಳಗೆ ನವಸಾಗರದ ಉಪ್ಪು ಕರಗಿಸಿದ ನೀರು. ಅದರಲ್ಲಿ ಒಂದು ಸತುವಿನ ಕೋಲು, ಪಕ್ಕದಲ್ಲಿ ಮಣ್ಣಿನ ಕುಡಿಕೆಯೊಳಗೆ ಇದ್ದಿಲಿನ ಪಟ್ಟಿ. ಸೌದೆ ಉರಿದರೆ ಅದರೊಳಗಿನ ಶಕ್ತಿ ಶಾಖವಾಗಿ ಹೊರಬರುತ್ತದಲ್ಲವೇ? ಇಲ್ಲಿ ಸತು ಬೆಂಕಿಯಿಲ್ಲದೆ ಸವೆಯುತ್ತದೆ. ಶಕ್ತಿ ಕರೆಂಟಾಗಿ ತಂತಿ ಹಿಡಿಯುತ್ತದೆ. ಸ್ವಿಚ್ ಒತ್ತಿದರೆ ಸತುವಿನಿಂದ ಹೊರಟ ಎಲೆಕ್ಟ್ರಾನ್‌ಗಳು ಬೆಲ್ ಹೊಡೆಸಿ ಇದ್ದಿಲನ್ನು ಸೇರುತ್ತವೆ. ಜಾಡಿಯೊಳಗಿನ ಉಳಿದರ್ಧ ದಾರಿಯಲ್ಲಿ ಕರೆಂಟನ್ನು ದಾಟಿಸುವುದು ಆ ಉಪ್ಪು. ಉಪ್ಪಿಲ್ಲದಿದ್ದರೆ ಎಲ್ಲವೂ ಅಲ್ಲಿಗೇ ನಿಂತಂತೆ. ಮನೆಗೆ ಬಂದವರಿಗೆಲ್ಲ ಇದನ್ನು ತೋರಿಸಿ ಜಂಬ ಕೊಚ್ಚಿದ್ದೆ.

ಸೊಸೆಯನ್ನು ನೋಡಿಕೊಳ್ಳಲು ಹಿಂದಿನ ದಿನವಷ್ಟೇ ಊರಿನಿಂದ ಬಂದಿದ್ದ ನನ್ನ ಅಮ್ಮನಿಗೆ ಮಾತ್ರ ಹೇಳಿರಲಿಲ್ಲ.

ಮಂಗಳವಾರ ಬೆಳಿಗ್ಗೆ ಎದ್ದ ಕೂಡಲೇ ಸ್ವಿಚ್ ಒತ್ತಿ ನೋಡಿದ್ದೆ. ಬೆಲ್ ಸರಿಯಾಗಿಯೇ ಹೊಡೆದಿತ್ತು. ಸಂಜೆ ಕೆಳಗೆ ಕೂತು ಬರೆಯುತ್ತಿದ್ದೆ. ಸದ್ದಿಲ್ಲ ಎಂದರೆ ಸುಖವಾಗಿದ್ದಾರೆ ಎಂದು ನಾವೆಲ್ಲ ಎಷ್ಟು ಸುಲಭವಾಗಿ ನಂಬುತ್ತೇವೆ! ನಾನೂ ನಂಬಿ ಇನ್ನೊಂದು ಪುಟ ಬರೆದೆ.

ಅಷ್ಟರಲ್ಲಿ ಮೇಲೆ ಹಿತ್ತಾಳೆ ಚೊಂಬು ಬಿದ್ದು ಉರುಳಿತು.

ಓಡಿದೆ. ಪದ್ಮಾವತಿ ಹಾಸಿಗೆಯ ಅಂಚಿನಲ್ಲಿ ಬಾಗಿ ಕೂತಿದ್ದಳು. ತುಟಿ ನೀಲಿ. ಹೆಬ್ಬೆರಳು ಇನ್ನೂ ಸ್ವಿಚ್ಚನ್ನು ಒತ್ತುತ್ತಲೇ ಇತ್ತು. ಕಡ್ಡಿ ಗೀರಿದೆ. ಥಂಡಿಗೆ ಮೆತ್ತಗಾಗಿತ್ತು, ಹತ್ತಲಿಲ್ಲ. ಇನ್ನೊಂದು ಮುರಿಯಿತು.

"ಅಮ್ಮಾ, ಕೆಂಡ! ಒಲೆಯಿಂದ ಕೆಂಡ ತಾ!"

ಅಮ್ಮ ಇಕ್ಕಳದಲ್ಲಿ ಕೆಂಡ ಹಿಡಿದು ಮೆಟ್ಟಿಲು ಹತ್ತುವಷ್ಟರಲ್ಲಿ ಪದ್ಮಾವತಿಯ ಕಣ್ಣು ಮೇಲಕ್ಕೆ ತೇಲಿತ್ತು. ಪುಡಿ ಹೊಗೆಯಾಡಿತು. ಎಳೆದಳು. ಏನೂ ಆಗಲಿಲ್ಲ. ಮತ್ತೆ ಎಳೆದಳು. ನಿಧಾನಕ್ಕೆ ಉಸಿರಿಗೆ ದಾರಿ ಸಿಕ್ಕಿತು. ನಾನು ಅಲ್ಲೇ ನೆಲದ ಮೇಲೆ ಕೂತು ಅತ್ತುಬಿಟ್ಟೆ. ಬರೆಯಲು ನಾಚಿಕೆಯಿಲ್ಲ.

ಕೆಳಗೆ ಬಂದು ನೋಡಿದರೆ ಜಾಡಿಗಳು ಫಳಫಳ ಹೊಳೆಯುತ್ತಿವೆ!

"ಅಮ್ಮಾ, ಇದರ ನೀರು ಎಂತ ಆಯ್ತು?"

"ಚೆಲ್ಲಿದೆ ಮಾರಾಯ. ದೇವರ ಕೋಣೆಯ ಬದಿಯಲ್ಲೇ ಉಂಟು, ಎಷ್ಟು ದಿನದ ತಂಗಳು ನೀರೋ! ಕೋಲಿಗೆ, ಕುಡಿಕೆಗೆ ಹುಣಸೆಹುಳಿ ಹಾಕಿ ತಿಕ್ಕಿ, ಮಡಿಯಲ್ಲೇ ಬಾವಿಯ ನೀರು ತುಂಬಿಸಿದ್ದೇನೆ."

ಅಮ್ಮ ಅರ್ಚಕರ ಮಗಳು, ಅರ್ಚಕರ ಹೆಂಡತಿ. ದೇವರ ಹತ್ತಿರ ನಿನ್ನೆಯ ನೀರು ಇರಕೂಡದು ಎಂದು ಜೀವಮಾನವಿಡೀ ಚೆಲ್ಲಿ, ತೊಳೆದು, ತುಂಬಿಸಿದವಳು. ಆ ಶುದ್ಧ ನೀರಿನಲ್ಲಿ ಕರೆಂಟು ಎಷ್ಟು ಹರಿದೀತು? ಬೆಲ್ಲಿನ ಸುತ್ತಿಗೆ ಅಲುಗಾಡಲಿಕ್ಕೂ ಸಾಲದು. ವಿಷಯ ತಿಳಿದಾಗ ಅಮ್ಮನ ಮುಖ ಬಿಳಿಚಿತು.

"ಹಾಗಾದ್ರೆ ಹುಡುಗಿಯನ್ನು ನಾನೇ ಕೊಲ್ತಿದ್ದೆನಾ?"

ಅಮ್ಮ ಆ ರಾತ್ರಿ ಊಟ ಮಾಡಲಿಲ್ಲ.

ಮರುದಿನ ಪೇಟೆಯಿಂದ ನವಸಾಗರ ತಂದು ಕರಗಿಸಿದೆ. ಮೇಲೆ ಹೋಗಿ ಸ್ವಿಚ್ ಒತ್ತಿದೆ. ಬೆಲ್ ಮನೆಯೆಲ್ಲ ಕೇಳುವಂತೆ ಹೊಡೆಯಿತು.

"ಕೇಳಿತಾ? ಇನ್ನು ಹೆದರಬೇಡ" ಎಂದೆ.

ಪದ್ಮಾವತಿ ಸ್ವಿಚ್ಚನ್ನು ನೋಡಲಿಲ್ಲ. ನನ್ನನ್ನೇ ನೋಡಿದಳು.

"ನೀವು ಇಲ್ಲೇ ಕೂತು ಬರೆದ್ರೆ ಎಂತ ಆಗ್ತದೆ?"