ಮೀನಿನ ಮುಳ್ಳೆಂದು ಬರೆಸಿದ ಗಾಯ

ಮೂರು ವರ್ಷದ ಹಿಂದೆ, ಮಳೆಗಾಲ ಮುಗಿದ ಮೇಲಿನ ಒಂದು ಗುರುವಾರ, ಬೆಳಿಗ್ಗೆ ಏಳೂವರೆಗೆ ನಾನು ತೆಂಗಿನಗುಂಡಿಯಲ್ಲಿ ನಮ್ಮ ದೋಣಿಯ ಎಡಮಗ್ಗುಲಿಗೆ, ಮೊಣಕಾಲುದ್ದ ನೀರಿನಲ್ಲಿ ನಿಂತಿದ್ದೆ. ಅಕ್ಕನ ಗಂಡ, ನನ್ನ ಭಾವ, ಒಳಗೆ ಕೂತು ಬಲೆಯಿಂದ ಮೀನು ಬಿಡಿಸುತ್ತಿದ್ದರು. ಕೈ ಚಾಚಿದರೆ ಸಿಗುವಷ್ಟು ಹತ್ತಿರ.

ಬಲೆಯಲ್ಲಿ ಒಂದು ಕಡಲ ಹಾವಿತ್ತು. ಅದೇನೂ ಹೊಸದಲ್ಲ. ನಮ್ಮವರು ಅದನ್ನು ಕೊಲ್ಲುವುದಿಲ್ಲ, ಬಾಲ ಹಿಡಿದು ನೀರಿಗೆ ಬಿಡುತ್ತಾರೆ. ಅದು ಕಚ್ಚುವುದಿಲ್ಲ ಎಂದೇ ನಾವೆಲ್ಲ ನಂಬಿದ್ದೆವು. ಭಾವ ಬಿಟ್ಟರು. ಆಮೇಲೆ ಹೆಬ್ಬೆರಳಿನ ಬುಡದಲ್ಲಿ ಎರಡು ಹನಿ ರಕ್ತ ಕಂಡಿತು. ನೋವಿಲ್ಲ, ಮೀನಿನ ಮುಳ್ಳು ತಾಗಿರಬೇಕು ಎಂದು ಉಪ್ಪುನೀರಲ್ಲಿ ತೊಳೆದು ಕೆಲಸ ಮುಂದುವರಿಸಿದರು.

ಹತ್ತು ಗಂಟೆಗೆ ಕುತ್ತಿಗೆ, ತೊಡೆ ಬಿಗಿಯುತ್ತಿದೆ ಎಂದಾಗ ರಿಕ್ಷಾದಲ್ಲಿ ಸರಕಾರಿ ಆಸ್ಪತ್ರೆಗೆ ಕರೆದೊಯ್ದೆ. ನಾನು ಹುಟ್ಟಿದ್ದು ಅಲ್ಲೇ, ಹೆಂಚಿನ ಹಳೆಯ ಕಟ್ಟಡದಲ್ಲಿ. ಈಗ ಮಹಡಿ ಬಂದಿದೆ, ಡಯಾಲಿಸಿಸ್ ಬಂದಿದೆ. ಅಕ್ಕನ ಎರಡೂ ಹೆರಿಗೆ ಅಲ್ಲೇ ಆಗಿದ್ದವು. ಆ ಬಾಗಿಲು ದಾಟಿದರೆ ನಮಗೆ ಅರ್ಧ ಭಯ ಹೋಗುತ್ತಿತ್ತು.

ಏನಾಯಿತೆಂದು ನರ್ಸ್ ಕೇಳಿದರು. ಮೀನಿನ ಮುಳ್ಳು ಎಂದು ನಾನೇ ಹೇಳಿದೆ. ಅದನ್ನೇ ಚೀಟಿಯಲ್ಲಿ ಬರೆದುಕೊಂಡು ಇಂಜೆಕ್ಷನ್ ತಂದರು.

“ಸಿಸ್ಟರೇ, ಸಣ್ಣ ಸೂಜಿ ಹಾಕಿ. ಇದು ಬಲೆ ಹೊಲಿಯೂದಲ್ಲ,” ಎಂದರು ಭಾವ. ನಾವು ಮೂವರೂ ನಕ್ಕೆವು.

ಹನ್ನೆರಡರ ಹೊತ್ತಿಗೆ ಅವರ ರೆಪ್ಪೆಗಳು ಜೋತುಬಿದ್ದವು. ಮೂತ್ರ ಕಪ್ಪಾಗಿ ಹೋಯಿತು. ಡಾಕ್ಟರು ಬಂದು ಹೆಬ್ಬೆರಳನ್ನು ಬೆಳಕಿಗೆ ಹಿಡಿದು ನೋಡಿದರು.

“ಬಲೆಯಲ್ಲಿ ಬೇರೆ ಎಂತದಾದ್ರೂ ಇತ್ತಾ?”

“ಹಾವಿತ್ತು ಸಾರ್. ಅದು ಕಚ್ಚೂದಿಲ್ಲ.”

ಅವರು ನನ್ನನ್ನು ಒಮ್ಮೆ ನೋಡಿದರು. ಉಸಿರಾಟಕ್ಕೆ ಯಂತ್ರ ಬೇಕಾಗುತ್ತದೆ, ದೊಡ್ಡ ಆಸ್ಪತ್ರೆಗೇ ಹೋಗಬೇಕು ಎಂದು ಆಂಬುಲೆನ್ಸ್ ಕರೆಸಿ, ನರ್ಸನ್ನೂ ಜೊತೆಗೆ ಕಳಿಸಿದರು. ನರ್ಸ್ ದಾರಿಯುದ್ದಕ್ಕೂ ಮುಖಕ್ಕೆ ಹಿಡಿದ ಗಾಳಿಚೀಲ ಒತ್ತಿ ಉಸಿರು ಕೊಡುತ್ತಿದ್ದರು. ಕುಂದಾಪುರ ಬರುವ ಮೊದಲೇ ಭಾವ ಹೋದರು.

ಹದಿನೈದು ದಿನ ಬಿಟ್ಟು ನಾನು ಡಾಕ್ಟರನ್ನು ಕಂಡೆ. ಕಡಲ ಹಾವು ಕಚ್ಚಿದರೆ ನೋವೇ ಆಗುವುದಿಲ್ಲ, ಹತ್ತು ಗಂಟೆಗೇ ತಿಳಿದಿದ್ದರೆ ಆಗಲೇ ಕಳಿಸುತ್ತಿದ್ದೆವು ಎಂದರು. ಉಳಿಯುತ್ತಿದ್ದರಾ ಎಂದು ಕೇಳಿದೆ. ಹೇಳಲಿಕ್ಕೆ ಬರುವುದಿಲ್ಲ ಎಂದರು. ಬೈಯಲಿಲ್ಲ.

ಅಕ್ಕನಿಗೆ ಇದನ್ನು ಹೇಳಲು ನನಗೆ ಒಂದು ವರ್ಷ ಬೇಕಾಯಿತು. ಅವಳು ಕೇಳಿಸಿಕೊಂಡು, ಎದ್ದು ಒಳಗೆ ಹೋದಳು.

ದೋಣಿಯಲ್ಲಿ ಆ ಹಾವನ್ನು ಕಂಡವರು ಇನ್ನಿಬ್ಬರಿದ್ದರು. ಮುಂದೆ ಕೂತಿದ್ದ ಹಿರಿಯರು ಕಳೆದ ವರ್ಷ ತೀರಿಕೊಂಡರು. ಎಂಜಿನ್ ನೋಡಿಕೊಳ್ಳುತ್ತಿದ್ದ ಭಾವನ ತಮ್ಮ ಇದ್ದಾನೆ. ಈಗ ಹೊನ್ನಾವರದ ದೋಣಿಯೊಂದಕ್ಕೆ ಹೋಗುತ್ತಾನೆ. ಆ ದಿನ ಅವನನ್ನು ಯಾರೂ ಕೇಳಿರಲಿಲ್ಲ. ಕೇಳಿದ್ದು ನನ್ನನ್ನು.