ತೊಟ್ಟಿಯ ಮೇಲಿನ ಕ್ಯಾಮೆರಾ

ಗಾದಿಗನೂರಿನ ಹತ್ತಿರದ ಒಂದು ಅದಿರು ಯಾರ್ಡಿನಲ್ಲಿ ನಾನು ಕಂಪ್ಯೂಟರ್ ಕೆಲಸಕ್ಕಿದ್ದೆ. ಅದಿರು ಆರಿಸುವ ಹೆಂಗಸರು ಸಂಜೆ ಟೆಂಪೊ ಹತ್ತುವ ಮುನ್ನ ನೀರಿನ ತೊಟ್ಟಿಯ ಬಳಿ ಮೈಮೇಲಿನ ಕೆಂಪು ಧೂಳು ತೊಳೆದುಕೊಳ್ಳುತ್ತಿದ್ದರು. ಮರೆಗೆಂದು ಸುತ್ತ ತಾಡಪಾಲು ಕಟ್ಟಿಕೊಂಡಿದ್ದರು. ಅಲ್ಲೇ ಇಟ್ಟಿದ್ದ ಡ್ರಮ್ಮಿನಿಂದ ಡೀಸೆಲ್ ಕದಿಯುವವರನ್ನು ಹಿಡಿಯಲು ಯಜಮಾನರು ಪಕ್ಕದ ಕಂಬಕ್ಕೆ ಇಂಟರ್ನೆಟ್ ಕ್ಯಾಮೆರಾ ಹಾಕಿಸಿದರು. ಅದು ತಾಡಪಾಲಿನ ಮೇಲಿಂದ ಒಳಗೆ ನೋಡುತ್ತದೆಂದು ನಮಗ್ಯಾರಿಗೂ ಹೊಳೆಯಲಿಲ್ಲ.

ರಜೆ ಹಾಕಿದ್ದ ಒಂದು ದಿನ ಸಂಜೆ ಹೊಸಪೇಟೆಯ ಸೈಬರ್ ಕೆಫೆಯಲ್ಲಿ ಕೂತು, ಹೊರಗಿನಿಂದಲೂ ತೆರೆಯುತ್ತದೆಯೇ ಎಂದು ಆ ಕ್ಯಾಮೆರಾದ ವಿಳಾಸ ಒತ್ತಿ ನೋಡಿದೆ. ಪಾಸ್‌ವರ್ಡ್ ಕೇಳಲಿಲ್ಲ. ಡ್ರಮ್ಮು, ತೊಟ್ಟಿ, ಬೆನ್ನು ಉಜ್ಜಿಕೊಳ್ಳುತ್ತಿದ್ದ ಹೆಂಗಸರು. ಮುಖಗಳು ಗುರುತು ಸಿಗುವಷ್ಟು ಸ್ಪಷ್ಟವಾಗಿದ್ದವು. ಥಟ್ಟನೆ ಪುಟ ಮುಚ್ಚಿದೆ. ಕೆಫೆಯವನನ್ನು ಕೇಳಿದರೆ, "ಇಂಥ ಕ್ಯಾಮೆರಾ ಹುಡುಕಿದ್ರ ಭಾಳ ಸಿಗ್ತಾವ್ರಿ. ಯಾವ ದೇಶದಾಗ ಕುಂತ್ರೂ ನೋಡಬಹುದು" ಎಂದ.

ಮರುದಿನ ಹೇಳಿದಾಗ ಯಜಮಾನರು ನಕ್ಕರು. "ನನ್ನ ಕಂಪ್ಯೂಟರ್ ಬಿಟ್ರ ಎಲ್ಲೂ ಕಾಣಂಗಿಲ್ಲವ್ವ."

ಹೆಂಗಸರಿಗೂ ಹೇಳಿದೆ. ಆ ಸಂಜೆ ಅವರು ಮೈ ತೊಳೆಯದೆ ಕಾದರು. ಎಲ್ಲರಿಗಿಂತ ಹಿರಿಯಳು ಯಜಮಾನರನ್ನು ತೊಟ್ಟಿಯ ಬಳಿಗೆ ಕರೆತಂದು ನಿಲ್ಲಿಸಿದಳು. ಅಷ್ಟರಲ್ಲಿ ಹೊಸಪೇಟೆಗೆ ಹೋಗಿದ್ದ ನಾನು ಅದೇ ಕೆಫೆಯಿಂದ ಯಜಮಾನರ ಮೊಬೈಲಿಗೆ ಫೋನು ಮಾಡಿದೆ.

"ಈಗ ಟವೆಲ್ ತಲಿ ಮ್ಯಾಲ ಹಾಕ್ಕೊಂಡ್ರಿ."

"ಲಾರಿ ಹಿಂದ ನಿಂತೀಯೇನು?"

"ಹೊಸಪೇಟ್ಯಾಗ ಅದೀನ್ರಿ. ಈಗ ಮೂರು ಬೆರಳು ಎತ್ತೀರಿ. ಇಳಿಸಿದ್ರಿ."

ಪರದೆಯಲ್ಲಿ ಅವರು ತಲೆಯೆತ್ತಿ ಕ್ಯಾಮೆರಾ ನೋಡಿದರು. "ಹಂಗಾರ ಇಂಟರ್ನೆಟ್ ತಗಸ್ತೀನಿ ಬಿಡು. ನಾ ಒಬ್ಬನ ನೋಡಂಗ ಮಾಡಸ್ತೀನಿ" ಎಂದರು.

ಫೋನಿನಲ್ಲಿ ಹಿರಿಯಳ ದನಿ ಕೇಳಿತು. "ನೀವೊಬ್ರು ಯಾಕ ನೋಡಬೇಕ್ರಿ, ಯಜಮಾನ್ರ? ಅಷ್ಟು ಚಂದ ಕಾಣ್ತದಂದ್ರ ನಿಮ್ಮ ಮನಿ ಬಚ್ಚಲಕ್ಕ ಹಾಕಸ್ರಿ."

ಹೆಂಗಸರೆಲ್ಲ ನಕ್ಕರು. ಯಜಮಾನರು ಡ್ರಮ್ಮಿನ ಕಡೆ ತಿರುಗಿದರು. "ಡೀಸೆಲ್ಲು?" ಎಂದರು.

"ಡ್ರಮ್ಮಿಗೆ ಬೀಗ ಹಾಕ್ರಿ."

ಅವಳು ಉತ್ತರಕ್ಕೆ ಕಾಯಲಿಲ್ಲ. ಪರದೆಯಲ್ಲಿ ಚಿತ್ರ ತಡೆತಡೆದು ಬದಲಾಗುತ್ತಿತ್ತು: ಕಂಬಕ್ಕೆ ಏಣಿ, ಏಣಿಯ ಮೇಲೆ ಕಚ್ಚೆ ಬಿಗಿದ ಹಿರಿಯಳು, ಅವಳ ಕೈ, ಆಮೇಲೆ ಬರೀ ಕಪ್ಪು. ಮತ್ತೆ ಮತ್ತೆ ಒತ್ತಿ ನೋಡಿದೆ. ಪುಟ ತೆರೆಯಲಿಲ್ಲ.

ಯಜಮಾನರು ಫೋನು ಕಟ್ ಮಾಡುವುದನ್ನು ಮರೆತಿದ್ದರು. "ನಡೀರಿ ಆ ಕಡೆ" ಎಂದು ಯಾರೋ ಅವರನ್ನು ಸಾಗಹಾಕುತ್ತಿದ್ದರು. ಅವರ ಹೆಜ್ಜೆಯ ಸದ್ದಿನ ಹಿಂದೆ, ತೊಟ್ಟಿಗೆ ಚೊಂಬುಗಳು ಮುಳುಗುವ ಸದ್ದು ಕೇಳತೊಡಗಿತು.