ಪಡಸಾಲೆಯ ಎಂಟು ಹೆಜ್ಜೆ

ಅಕ್ಕನ ಎಡಗಾಲು ಪೋಲಿಯೋದಲ್ಲಿ ಹೋದದ್ದು ಅವಳಿಗೆ ಎರಡು ವರ್ಷವಿದ್ದಾಗ. ಮನೆಯೊಳಗೆ ಕುಳಿತೇ ಸರಿಯುತ್ತಾಳೆ. ಹೊರಗೆ ಹೋದರೆ ಎಡಗೈಯಿಂದ ಮಂಡಿ ಒತ್ತಿ ಹಿಡಿದು, ಸೊಂಟ ತಿರುವಿ ನಡೆಯುತ್ತಾಳೆ. ಹಳಿಯಾಳದ ಪಕ್ಕದ ನಮ್ಮ ಊರಿನಲ್ಲಿ ಆ ನಡಿಗೆ ನೋಡದವರಿಲ್ಲ. ಆದರೂ ಅದನ್ನು ಕಾಗದದ ಮೇಲೆ ಸಾಬೀತು ಮಾಡಬೇಕು, ಅದೂ ಎರಡನೇ ಸಲ. ಹಳೆಯ ಸರ್ಟಿಫಿಕೇಟು ಇನ್ನು ಲೆಕ್ಕಕ್ಕಿಲ್ಲವಂತೆ, ಹೊಸ ಕಾರ್ಡು ಬೇಕಂತೆ. ಕಾರ್ಡು ಇಲ್ಲದಿದ್ದರೆ ಮಾಸಾಶನ ನಿಲ್ಲುತ್ತದೆ.

ನಮಗೆ ಅರ್ಜಿ ತುಂಬಿಕೊಟ್ಟವರು ಪಂಚಾಯತಿಯ ಪುನರ್ವಸತಿ ಕಾರ್ಯಕರ್ತರು. ಅವರ ಕಾಲೂ ಅಕ್ಕನದರಂತೆಯೇ; ಸರಕಾರ ಕೊಟ್ಟ ಪಕ್ಕಗಾಲಿಯ ಸ್ಕೂಟರಿನಲ್ಲಿ ಊರೂರು ತಿರುಗುತ್ತಾರೆ. ಆಧಾರ್‌ನಲ್ಲಿ ಒಂದು ಹೆಸರು, ರೇಷನ್ ಕಾರ್ಡಿನಲ್ಲಿ ಇನ್ನೊಂದು ಎಂದು ಕಚೇರಿಯವರು ತಿರುಗಿ ಕಳಿಸಿದಾಗ ಮೂರು ಸಲ ನನ್ನ ಜೊತೆ ಬಂದರು. ಚಹಾ ಬಿಟ್ಟು ಏನೂ ಮುಟ್ಟಲಿಲ್ಲ. ಅಕ್ಕನಿಗೆ ಮಾಸಾಶನಕ್ಕಿಂತ ಆ ಸ್ಕೂಟರಿನ ಮೇಲೆಯೇ ಕಣ್ಣು. ಕಾರ್ಡು ಬಂದರೆ ತನಗೂ ಒಂದು ಸಿಗುತ್ತದೆ, ಯಾರ ಕೈಕಾಲು ಹಿಡಿಯದೆ, ಮಾರಲು ಬಡಿದ ರೊಟ್ಟಿಯ ಬುಟ್ಟಿಯನ್ನು ತಾನೇ ಖಾನಾವಳಿಗೆ ಮುಟ್ಟಿಸಬಹುದು ಎಂದು.

ಡಾಕ್ಟರರ ತಪಾಸಣಾ ಶಿಬಿರದ ಹಿಂದಿನ ದಿನ ಅವರು ಫೋನು ಮಾಡಿದರು. "ಅಕ್ಕಾರು ದಿನಾ ಹೆಂಗ ನಡೀತಾರ, ಹಂಗ ಕರ್ಕೊಂಡು ಬರ್ರಿ. ಮತ್ತೇನೂ ಬ್ಯಾಡ್ರಿ."

ಇದೂ ಒಂದು ಹೇಳುವ ಮಾತೇ ಎಂದು ನನಗೆ ನಗು ಬಂದಿತ್ತು.

ದಾಂಡೇಲಿಯ ಆ ಶಿಬಿರದಲ್ಲಿ ಬೆಳಿಗ್ಗೆಯಿಂದ ಮಧ್ಯಾಹ್ನ ಮೂರರವರೆಗೆ ಕಾದೆವು. ಕುಂಬಾರವಾಡದ ಕಡೆಯಿಂದ ತಾಯಿಯನ್ನು ಬೆನ್ನ ಮೇಲೆ ಹೊತ್ತು ತಂದವನಿಗೂ ಅದೇ ಸಾಲು. ಅಕ್ಕನ ಸರದಿ ಬಂದಾಗ ಬಾಗಿಲಲ್ಲಿದ್ದವನು ನನ್ನನ್ನು ತಡೆದು ಅವಳೊಬ್ಬಳನ್ನೇ ಒಳಗೆ ಬಿಟ್ಟ. ಮೇಜಿನ ಹಿಂದೆ ಮೂವರು ಗಂಡಸರು ಸಾಲಾಗಿ ಕುಳಿತಿದ್ದರು. ನಡುವೆ ಕುಳಿತ ಡಾಕ್ಟರು ತಲೆಯೆತ್ತಿ, "ನಡೀರಿ ನೋಡೂಣು" ಎಂದರು.

ಅಕ್ಕ ಸೆರಗು ಸರಿಮಾಡಿಕೊಂಡಳು. ಎಡಗೈಯನ್ನು ನಿರಿಗೆಯಲ್ಲಿ ಮರೆಮಾಡಿ ತೊಡೆಗೆ ಒತ್ತಿ, ಕಣ್ಣು ನೆಲಕ್ಕಿಟ್ಟು, ಎಂಟು ಹೆಜ್ಜೆ ನಡೆದಳು. ಒಂದಿಷ್ಟೂ ಕುಂಟಲಿಲ್ಲ.

ಬಾಗಿಲಿನಿಂದಲೇ ನನಗೆ ಆ ನಡಿಗೆಯ ಗುರುತು ಸಿಕ್ಕಿತು. ಅದು ಹೆಣ್ಣು ನೋಡಲು ಬರುವವರಿಗಾಗಿ ಅವ್ವ ಕಲಿಸಿದ ನಡಿಗೆ. ಅಡುಗೆಮನೆಯ ಬಾಗಿಲಿನಿಂದ ಪಡಸಾಲೆಯ ಕಂಬಳಿಯವರೆಗೆ ಎಂಟು ಹೆಜ್ಜೆ, ಬಲಗೈಯಲ್ಲಿ ಅವಲಕ್ಕಿಯ ತಾಟು. ಅವ್ವ ಕಂಬಳಿಯ ಮೇಲೆ ಕುಳಿತು "ಕುಂಟಬ್ಯಾಡ, ಕುಂಟಬ್ಯಾಡ" ಎಂದು ತಿಂಗಳುಗಟ್ಟಲೆ ನಡೆಸಿದ್ದಳು. ಆಮೇಲೆ ಅಳುತ್ತಾ ಆ ಕಾಲಿಗೆ ಎಣ್ಣೆ ತಿಕ್ಕುತ್ತಿದ್ದವಳೂ ಅವಳೇ. ಬಂದವರು ಅವಲಕ್ಕಿ ತಿಂದು, ಅಕ್ಕ ಎದ್ದು ಒಳಗೆ ಹೋಗುವಾಗ ಕಾಲನ್ನು ಕಂಡುಹಿಡಿದು, "ತಿಳಸ್ತೇವ್ರಿ" ಎಂದು ಎದ್ದು ಹೋಗುತ್ತಿದ್ದರು. ಯಾರೂ ತಿಳಿಸಲಿಲ್ಲ.

"ಚೊಲೋ ನಡೀತೀರಲ್ರಿ," ಎಂದು ಡಾಕ್ಟರು ಬರೆದೇಬಿಟ್ಟರು. ಕಾಲು ಮುಟ್ಟಿ ನೋಡಲಿಲ್ಲ. ನಾನು ಬಾಗಿಲಿನಿಂದ ಕೂಗಾಡಿದೆ. ಮುಂದಿನವರನ್ನು ಕರೆದರು. ಅಂಗವೈಕಲ್ಯ ನೂರಕ್ಕೆ ನಲವತ್ತಾದರೂ ಇರಬೇಕಿತ್ತು, ಅಷ್ಟು ಬರಲಿಲ್ಲ. ಎರಡು ತಿಂಗಳೊಳಗೆ ಮಾಸಾಶನ ನಿಂತೇಹೋಯಿತು. ಸ್ಕೂಟರಿನ ಮಾತನ್ನು ಅಕ್ಕ ಮತ್ತೆ ಎತ್ತಲಿಲ್ಲ.

ಅವತ್ತು ಬಸ್ಸಿನಲ್ಲಿ ನಾನು ಅವಳ ಮೇಲೆಯೇ ಹರಿಹಾಯ್ದೆ. "ನಿನಗ ಬುದ್ಧಿ ಐತೋ ಇಲ್ಲೋ? ಯಾಕ ಹಂಗ ನಡದಿ?"

"ಗಂಡಸರು ಸಾಲಾಗಿ ಕುಂತಿದ್ರಲ್ಲ," ಎಂದಳು. "ಕಾಲು ತಾವ ಹಂಗ ನಡದ್ವು."

ಬೀಗರಾಗಬೇಕಿದ್ದವರಿಗೆ ಅವಳು ಕುಂಟಿ, ಸರಕಾರಕ್ಕೆ ಅಲ್ಲ.

ಮೇಲ್ಮನವಿ ಬರೆದುಕೊಟ್ಟವರೂ ಆ ಕಾರ್ಯಕರ್ತರೇ. ಮುಂದಿನ ವಾರ ಕಾರವಾರದಲ್ಲಿ ಮತ್ತೆ ತಪಾಸಣೆ. ಹೊರಡುವಾಗ ನನ್ನ ಮುಖ ನೋಡದೆ, "ಈ ಸಲ ಮನ್ಯಾಗ ಒಂದೀಟು ರೂಢಿ ಮಾಡಸ್ರಿ" ಎಂದರು.

ಅವ್ವ ಈಗಿಲ್ಲ. ನಿನ್ನೆ ಸಂಜೆ ಕಂಬಳಿ ಹಾಸಿ ಅವಳ ಜಾಗದಲ್ಲಿ ನಾನು ಕುಳಿತೆ. ಅಕ್ಕ ಅಡುಗೆಮನೆಯ ಬಾಗಿಲಿನಿಂದ ಹೊರಟಳು. ಮೂರನೇ ಹೆಜ್ಜೆಗೆ ಅವಳ ಕೈ ಮತ್ತೆ ನಿರಿಗೆಯೊಳಗೆ ಸೇರಿತು.

"ಕುಂಟು ಅಕ್ಕಾ. ಇನ್ನೂ ಕುಂಟು," ಎಂದೆ. ದನಿ ಥೇಟ್ ಅವ್ವನದೇ.

ಅಕ್ಕ ಬಾಗಿಲಿಗೆ ಹಿಂದಿರುಗಿ ಮೊದಲಿನಿಂದ ಶುರುಮಾಡಿದಳು.